ಹೊರೋದು ಪ್ರೀತಿ, ಕೊಡೋದು ಕಾನೂನು

(ಹಾಸ್ಟೆಲ್ ವಿದ್ಯಾರ್ಥಿಗಳ ಸಭೆಯಲ್ಲಿ ಆಡಿದ ಮಾತು)



ನಾನು ಊರುಗೋಲು ಹಿಡಿದು ಈ ವೇದಿಕೆ ಹತ್ತೋದನ್ನ ನೀವು ನೋಡಿದಿರಿ. ಇಬ್ಬರು ಓಡಿಬಂದು ರಟ್ಟೆ ಹಿಡಿದರು. ಅವರಿಗೆ ನಮಸ್ಕಾರ. ನಾನು ಹಾಸ್ಟೆಲಿನಲ್ಲಿದ್ದಾಗಲೂ ಹೀಗೇ. ಊಟದ ಮನೆ ಕೆಳಗೆ, ನನ್ನ ರೂಮು ಮೇಲೆ. ಗೆಳೆಯರು ಮೂರು ವರ್ಷ ನನ್ನನ್ನ ಬೆನ್ನ ಮೇಲೆ ಹೊತ್ತರು. ಆ ಋಣ ದೊಡ್ಡದು. ಆದರೆ ನನಗೆ ಕೆಳಗಿನ ರೂಮು ಯಾಕಿಲ್ಲ ಅಂತ ನಾನೂ ಕೇಳಲಿಲ್ಲ, ಹೊತ್ತವರೂ ಕೇಳಲಿಲ್ಲ.

ಸರ್ಕಾರಿ ಕೆಲಸಕ್ಕೆ ಸೇರಿದೆ. ಅಲ್ಲಿ ಹೊರೋಕೆ ಗೆಳೆಯರಿಲ್ಲ. ಮೇಜು ಎರಡನೇ ಮಹಡಿಯಲ್ಲಿ. ಮೇಲಧಿಕಾರಿಗೆ ಹೇಳಿದರೆ, "ಕೆಲಸ ಸಿಕ್ಕಿದ್ದೇ ನಿನ್ನ ಪುಣ್ಯ. ಆಗದಿದ್ರೆ ಬಿಟ್ಟು ಹೋಗಪ್ಪಾ" ಅಂದರು. ಪುಣ್ಯ, ಕರ್ಮ ಅನ್ನೋ ಮಾತು ನಮ್ಮ ಜನಕ್ಕೆ ಹೊಸದಲ್ಲ. ಹುಟ್ಟಿಗೂ ಅದೇ ಕಾರಣ ಹೇಳಿದರು, ಕಾಲಿಗೂ ಅದೇ. ನಾನೂ ಎರಡು ವರ್ಷ ನಂಬಿ ಮೆಟ್ಟಿಲು ಹತ್ತಿದೆ.

ಕಾನೂನು ಹೇಳೋದೇ ಬೇರೆ. 2016ರ ಅಂಗವಿಕಲರ ಹಕ್ಕುಗಳ ಕಾಯ್ದೆ 2017ರ ಏಪ್ರಿಲ್ 19ರಿಂದ ಜಾರಿಯಲ್ಲಿದೆ. ಅದರ 20ನೇ ಸೆಕ್ಷನ್ ಪ್ರಕಾರ ಸರ್ಕಾರಿ ಕಚೇರಿ ಅಂಗವಿಕಲ ನೌಕರನಿಗೆ ಬೇಕಾದ ಅನುಕೂಲ ಮಾಡಿಕೊಡಲೇಬೇಕು. ಮೇಜು ಕೆಳಗಿಳಿಸೋದು ದಯೆಯಲ್ಲ, ಕರ್ತವ್ಯ. ಕೆಲಸದಲ್ಲಿದ್ದಾಗ ಕೈಕಾಲು, ಕಣ್ಣು ಹೋದರೆ ತೆಗೆದುಹಾಕುವಂತಿಲ್ಲ, ದರ್ಜೆ ಇಳಿಸುವಂತಿಲ್ಲ. ಆ ಕೆಲಸ ಆಗದಿದ್ದರೆ ಅದೇ ಸಂಬಳದ ಬೇರೆ ಕೆಲಸ ಕೊಡಬೇಕು. ಇದು 1995ರ ಹಳೇ ಕಾಯ್ದೆಯಲ್ಲೂ ಇತ್ತು. ಕುನಾಲ್ ಸಿಂಗ್ ಅನ್ನೋ ಕಾನ್‌ಸ್ಟೇಬಲ್ ಕಾಲು ಕಳೆದುಕೊಂಡಾಗ ಇಲಾಖೆ ಮನೆಗೆ ಕಳಿಸಿತು. ಆತ ಸುಪ್ರೀಂ ಕೋರ್ಟಿನವರೆಗೆ ಹೋದ, 2003ರಲ್ಲಿ ಗೆದ್ದ.

ಇಂಥ ಕಾನೂನುಗಳು ಯಾರೋ ಕರುಣೆಯಿಂದ ಬರೆದುಕೊಟ್ಟವಲ್ಲ. ಒಂದು ಉದಾಹರಣೆ ಅಮೆರಿಕದ್ದು. ಸರ್ಕಾರದ ಹಣ ಪಡೆಯೋ ಸಂಸ್ಥೆಗಳು ಅಂಗವಿಕಲರನ್ನ ಹೊರಗಿಡಬಾರದು ಅಂತ 1973ರಲ್ಲೇ ಅಲ್ಲಿ ಕಾನೂನಾಯಿತು. ಅದರ ನಿಯಮಗಳಿಗೆ ನಾಲ್ಕು ವರ್ಷ ಸಹಿ ಬೀಳಲಿಲ್ಲ. 1977ರ ಏಪ್ರಿಲ್ 5ರಂದು ನೂರಕ್ಕೂ ಹೆಚ್ಚು ಅಂಗವಿಕಲರು ಸ್ಯಾನ್ ಫ್ರಾನ್ಸಿಸ್ಕೋದ ಸರ್ಕಾರಿ ಕಟ್ಟಡಕ್ಕೆ ನುಗ್ಗಿ ಕೂತರು. ಮೂರು ವಾರ ಮೀರಿದರೂ ಏಳಲಿಲ್ಲ. ಅವರಿಗೆ ದಿನಾ ಬಿಸಿ ಊಟ ತಂದವರು ಯಾರು ಗೊತ್ತೇ? ಬ್ಲ್ಯಾಕ್ ಪ್ಯಾಂಥರ್ಸ್! 1972ರಲ್ಲಿ ಮುಂಬೈನ ನಮ್ಮ ದಲಿತ ಪ್ಯಾಂಥರ್ಸ್ ಹೆಸರು ತಗೊಂಡಿದ್ದು ಅವರಿಂದಲೇ. ಗಾಲಿಕುರ್ಚಿಯಲ್ಲಿದ್ದ ಬ್ರಾಡ್ ಲೋಮ್ಯಾಕ್ಸ್ ಅನ್ನೋ ಪ್ಯಾಂಥರ್ ಕೂಡ ಒಳಗೆ ಕೂತಿದ್ದ. ಏಪ್ರಿಲ್ 28ಕ್ಕೆ ಸಹಿ ಬಿತ್ತು.

ಈಗ ನಮ್ಮ ಲೆಕ್ಕಕ್ಕೆ ಬರೋಣ. ಸರ್ಕಾರಿ ಹುದ್ದೆಗಳಲ್ಲಿ ಅಂಗವಿಕಲರಿಗೆ ಕನಿಷ್ಠ ಶೇಕಡಾ 4 ಮೀಸಲು. ಅದಕ್ಕೆ ಶೇಕಡಾ 40ಕ್ಕೆ ಕಡಿಮೆಯಿಲ್ಲದ ಅಂಗವೈಕಲ್ಯದ ಪ್ರಮಾಣಪತ್ರ ಬೇಕು. ಈ ಮೀಸಲಾತಿ ಜಾತಿ ಮೀಸಲಾತಿಯನ್ನ ಕಿತ್ತುಕೊಳ್ಳೋದಿಲ್ಲ, ಅಡ್ಡಲಾಗಿ ಅದರೊಳಗೇ ಹಾಯುತ್ತೆ. 1992ರ ಇಂದ್ರಾ ಸಾಹ್ನಿ ತೀರ್ಪು ಇದನ್ನೇ ಹೇಳಿದೆ. "ಎರಡರಲ್ಲಿ ಒಂದು ಬಿಡು" ಅಂತ ಯಾರಾದರೂ ಅಂದರೆ ನಂಬಬೇಡಿ. ಎರಡೂ ಪ್ರಮಾಣಪತ್ರ ಇಟ್ಟುಕೊಳ್ಳಿ. ಖಾಸಗಿ ಕಂಪನಿಗೆ ಹೋದರೆ ಸಮಾನ ಅವಕಾಶದ ನೀತಿ ತೋರಿಸಿ ಅಂತ ಕೇಳಿ. ಅದನ್ನ ಪ್ರಕಟಿಸಬೇಕು ಅಂತ 21ನೇ ಸೆಕ್ಷನ್ ಹೇಳುತ್ತೆ.

ಬಾಯಲ್ಲಿ ಕೇಳಿದ್ದು ಗಾಳಿಗೆ ಹೋಗುತ್ತೆ, ಅದಕ್ಕೇ ಬರೆದು ಕೊಡಿ. ಪ್ರತಿ ಸರ್ಕಾರಿ ಸಂಸ್ಥೆಯಲ್ಲೂ ಅಂಗವಿಕಲರ ದೂರಿಗೆಂದೇ ಒಬ್ಬ ಅಧಿಕಾರಿ ಇರಬೇಕು, ದೂರು ದಾಖಲಾದ ಎರಡು ವಾರದಲ್ಲಿ ವಿಚಾರಣೆ ಮಾಡಬೇಕು. ಇದು 23ನೇ ಸೆಕ್ಷನ್. ಅಲ್ಲಿ ಆಗದಿದ್ದರೆ ಜಿಲ್ಲಾ ಸಮಿತಿ ಇದೆ, ರಾಜ್ಯದ ಅಂಗವಿಕಲರ ಆಯುಕ್ತರಿದ್ದಾರೆ. ನಾನು ಒಂದು ಹಾಳೆ ಬರೆದು ಸ್ವೀಕೃತಿ ಪಡೆದೆ. ತಿಂಗಳೊಳಗೆ ನನ್ನ ಮೇಜು ಕೆಳಗಿಳಿಯಿತು. ಅದೇ ಮೇಲಧಿಕಾರಿ, ಅದೇ ಕಟ್ಟಡ. ಬದಲಾದದ್ದು ಆ ಹಾಳೆ ಒಂದೇ.

ಇವತ್ತು ರಾತ್ರಿ ಊಟಕ್ಕೆ ಕೂತಾಗ ಒಮ್ಮೆ ಸುತ್ತ ನೋಡಿ. ಯಾರನ್ನ ಹೊತ್ತು ತರ್ತಿದ್ದೀರಿ? ಯಾರು ಇಳಿಯಲಾರದೆ ಮೇಲೇ ಉಳಿದಿದ್ದಾರೆ? ಹೊರೋದನ್ನ ಬಿಡಬೇಡಿ. ಆದರೆ ನಾಳೆ ಬೆಳಿಗ್ಗೆ ಅವನ ಜೊತೆ ಕೂತು, ಕೆಳಗಿನ ರೂಮಿಗೆ ಅರ್ಜಿ ಬರೀರಿ. ಅದಕ್ಕೆ ಅವನೊಬ್ಬನ ಸಹಿ ಸಾಲದು, ಇಡೀ ಹಾಸ್ಟೆಲಿನ ಸಹಿ ಬೀಳಲಿ.

ಜೈ ಭೀಮ್.