ಹೆಸರಿನ ಮೇಲೆ ಕೈಯಾಡಿಸದೆ



ಆನ್‌ಲೈನಿನಲ್ಲಿ ಆಡುವ ‘ಸ್ಟ್ರೀಟ್ ಫೈಟರ್’ ಬಗ್ಗೆ ಓದಿದ್ದನ್ನು ಸ್ವಂತ ಮಾತಿನಲ್ಲಿ ಬರೆಯಿರಿ ಎಂದಾಗ ‘ಬೀದಿ ಜಗಳಗಾರ’ ಎಂದು ಬರೆದರೆ ನಗು ಬರುತ್ತದೆ. ಆದರೆ ಆ ಆಟದೊಳಗೇ ಹೆಸರಿನ ಗೊಂದಲವಿದೆ. 1991ರ ಎರಡನೇ ಆವೃತ್ತಿಯಲ್ಲಿ, ಮೈಕ್ ಟೈಸನ್ನನನ್ನು ಹೋಲುವ ಬಾಕ್ಸರನಿಗೆ ಜಪಾನಿನಲ್ಲಿ ಬೈಸನ್ ಎಂದು ಹೆಸರು. ಹೊರದೇಶಗಳಲ್ಲಿ ಅವನು ಬಾಲ್‌ರಾಗ್. ಬೈಸನ್ ಎಂದರೆ ಅಲ್ಲಿ ಖಳನಾಯಕ! ಹೆಸರು ತಪ್ಪಿದರೆ ಹೊಡೆದವನೇ ಬೇರೆಯಾಗುತ್ತಾನೆ.

ನಮ್ಮ ಮೂಡಿಗೆರೆಯ ತೇಜಸ್ವಿಯವರು ಕೆನೆತ್ ಆಂಡರ್ಸನ್ನನ ಶಿಕಾರಿ ಕತೆಗಳನ್ನು ಭಾವಾನುವಾದ ಮಾಡಿದರಲ್ಲ, ಅವನ್ನು ನೋಡಿ. ‘ಕಿಲ್ಲರ್’ ಎಂಬುದು ಕುರ್ಕವಾಯಿತು. ಜಾಲಹಳ್ಳಿ ಜಾಲಹಳ್ಳಿಯಾಗಿಯೇ ಉಳಿಯಿತು. ಬೆಳ್ಳಂದೂರು, ಮಾಗಡಿಗಳೂ ಹಾಗೆಯೇ. ವಾಕ್ಯಕ್ಕೆ ಅಷ್ಟು ಸ್ವಾತಂತ್ರ್ಯ ಕೊಟ್ಟವರು ಊರಿನ ಹೆಸರಿಗೆ ಕೈ ಹಾಕಲಿಲ್ಲ.

ಫೋನಿನ ಅನುವಾದದಲ್ಲಿ ಕಳಸ ಬಿಂದಿಗೆಯಾಗಿ, ಚಿಕ್ಕಮಗಳೂರು ‘ಕಿರಿಮಗಳ ಪಟ್ಟಣ’ವಾದರೆ ಬಸ್ಸು ಹತ್ತುವುದು ಎಲ್ಲಿಗೆ? ಎಸ್ಸೆಸ್ಸೆಲ್ಸಿ ಅಂಕಪಟ್ಟಿಯಲ್ಲಿ ಹೆಸರಿನ ಒಂದಕ್ಷರ ತಪ್ಪಿದರೆ ಎಷ್ಟು ಕಚೇರಿ ಅಲೆಯಬೇಕೆಂದು ಇಲ್ಲಿ ಕುಳಿತ ಹಲವರಿಗೆ ಗೊತ್ತು.

ಆದ್ದರಿಂದ ಮಕ್ಕಳೇ, ಬರೆಯುವ ಮೊದಲು ಹೆಸರುಗಳ ಕೆಳಗೆ ಪೆನ್ಸಿಲಿನಲ್ಲಿ ಗೆರೆ ಎಳೆಯಿರಿ. ಮಿಕ್ಕಿದ್ದನ್ನು ನಿಮಗೆ ತೋಚಿದಂತೆ ಬರೆಯಿರಿ.