ಪ್ರಗತಿಯ ಲೆಕ್ಕ
(ಸಂಘದ ಉಚಿತ ವಾಚನಾಲಯದ ತಿಂಗಳ ಗೋಷ್ಠಿಯಲ್ಲಿ ಮಾಡಿದ ಭಾಷಣ)



'ಪ್ರಗತಿ ಎಂದರೇನು?' ಎಂಬ ವಿಷಯವನ್ನು ಗೊತ್ತುಮಾಡಿ, ಅದರ ಬಗ್ಗೆ ನಾಲ್ಕು ಮಾತು ಹೇಳುವ ಕೆಲಸವನ್ನು ಕಾರ್ಯದರ್ಶಿಗಳು ನಮಗೆ ಒಪ್ಪಿಸಿದ್ದಾರೆ. ನಾವು ಅರ್ಥಶಾಸ್ತ್ರ ಓದಿದವರಲ್ಲ. ಮೆಟ್ರಿಕ್ ಮುಗಿಸಿ ಗಿರಣಿಯ ಕಚೇರಿಯಲ್ಲಿ ಕಾರಕೂನಿಕೆ ಮಾಡುವವರು. ಆದರೆ ಲೆಕ್ಕದ ಪುಸ್ತಕದ ಒಂದು ಗುಣ ನಮಗೆ ಚೆನ್ನಾಗಿ ಗೊತ್ತು. ಯಾವುದಕ್ಕೆ ಅಂಕಣವಿದೆಯೋ ಅದು ಮಾತ್ರ ಪುಸ್ತಕದೊಳಕ್ಕೆ ಬರುತ್ತದೆ. ಅಂಕಣವಿಲ್ಲದ್ದು ಎಷ್ಟೇ ದೊಡ್ಡದಾದರೂ ಹೊರಗೇ ನಿಲ್ಲುತ್ತದೆ.

ಗಿರಣಿಯ ಉತ್ಪನ್ನದ ಪುಸ್ತಕದಲ್ಲಿ ಈ ಪಾಳಿಯಲ್ಲಿ ಎಷ್ಟು ಮೀಟರು ಬಟ್ಟೆ ಇಳಿಯಿತು ಎಂದಿರುತ್ತದೆ. ಹತ್ತಿಯ ಧೂಳು ಎಷ್ಟು ಜನರ ಎದೆಗೆ ಇಳಿಯಿತು ಎಂದಿರುವುದಿಲ್ಲ. ಬಿಸಿನೋಸಿಸ್ ಎಂಬ ರೋಗದ ಹೆಸರನ್ನು ಇಲ್ಲಿ ಕೆಲವರು ಕೇಳಿರಬಹುದು. ವಾರದ ರಜೆ ಕಳೆದು ಕೆಲಸಕ್ಕೆ ಮರಳಿದ ದಿನವೇ ಎದೆ ಬಿಗಿಹಿಡಿಯುವುದು ಅದರ ಮೊದಲ ಲಕ್ಷಣ. ಬಟ್ಟೆಯೂ ನಿಜ, ಧೂಳೂ ನಿಜ. ಪುಸ್ತಕಕ್ಕೆ ಮಾತ್ರ ಒಂದೇ ಗೊತ್ತು.

ದೇಶದ ಪ್ರಗತಿಯ ಲೆಕ್ಕವೂ ಹೀಗೆಯೇ ಇದೆ. ಪತ್ರಿಕೆಯಲ್ಲಿ ನಾವು ದಿನವೂ ಓದುವ ಜಿ.ಡಿ.ಪಿ. ಎಂಬುದು ಒಂದು ವರ್ಷದಲ್ಲಿ ದೇಶದೊಳಗೆ ಉತ್ಪನ್ನವಾದ ಸರಕು ಮತ್ತು ಸೇವೆಗಳ ಒಟ್ಟು ಮೌಲ್ಯ. ಹತ್ತಿ, ನೂಲು, ಬಟ್ಟೆ ಈ ಮೂರರ ಬೆಲೆಯನ್ನೂ ಕೂಡಿಸಿದರೆ ಒಂದೇ ಹತ್ತಿಯನ್ನು ಮೂರು ಸಲ ಎಣಿಸಿದಂತಾಗುತ್ತದೆ. ಆದುದರಿಂದ ಪ್ರತಿಯೊಂದು ಹಂತದಲ್ಲಿ ಹೆಚ್ಚಾದ ಮೌಲ್ಯವನ್ನಷ್ಟೇ ಸೇರಿಸುತ್ತಾರೆ. ಇದು ಜಾಣತನದ ಲೆಕ್ಕ, ಇದನ್ನು ಹೀಗಳೆಯಲಾಗದು. ಆದರೆ ಇದು ಯಾವ ಪ್ರಶ್ನೆಗೆ ಉತ್ತರವೆಂಬುದನ್ನು ನಾವು ತಿಳಿದಿರಬೇಕು. ಕೊಳಗದಿಂದ ಜೋಳವನ್ನು ಅಳೆಯಬಹುದು, ಬಟ್ಟೆಯನ್ನು ಅಳೆಯಲಾದೀತೆ?

ನಮ್ಮ ದೇಶದಲ್ಲಿ ಈ ಲೆಕ್ಕವನ್ನು ಮೊದಲು ಹಾಕಿದವರು ದಾದಾಭಾಯಿ ನವರೋಜಿಯವರು. ಮುಂಬಯಿಯ ಎಲ್ಫಿನ್‌ಸ್ಟನ್ ಕಾಲೇಜಿನಲ್ಲಿ ಗಣಿತ ಕಲಿಸುತ್ತಿದ್ದವರು ಅವರು. 1867-68ರ ಸಾಲಿಗೆ ಪ್ರಾಂತ ಪ್ರಾಂತದ ಹುಟ್ಟುವಳಿಯನ್ನು ಕೂಡಿಸಿ, ಜನಸಂಖ್ಯೆಯಿಂದ ಭಾಗಿಸಿ, ತಲೆಗೆ ವರ್ಷಕ್ಕೆ ಸುಮಾರು 20 ರೂಪಾಯಿ ಎಂದು ಕಂಡುಕೊಂಡರು. 1876ರಲ್ಲಿ ಮುಂಬಯಿಯಲ್ಲಿ ಈ ವಿಷಯದ ಪ್ರಬಂಧವನ್ನು ಓದಿದರು. ಇಲ್ಲಿ ನಾವು ಗಮನಿಸತಕ್ಕದ್ದು ಒಂದುಂಟು. 20 ರೂಪಾಯಿ ಎಂದು ಹೇಳಿ ಅವರು ಸುಮ್ಮನಾಗಲಿಲ್ಲ. ಸರಕಾರವು ಜೈಲಿನಲ್ಲಿ ಕೈದಿಗೆ ಕೊಡುವ ಅನ್ನ ಬಟ್ಟೆಗೆ ಎಷ್ಟು ಖರ್ಚಾಗುತ್ತದೆಂದು ತೆಗೆದು ಅದರ ಪಕ್ಕದಲ್ಲಿಟ್ಟರು. ಕೈದಿಗೆ ಸಿಗುವಷ್ಟು ಕೂಡ ನಿರಪರಾಧಿಯಾದ ರೈತನ ಪಾಲಿಗೆ ಬರುವುದಿಲ್ಲವೆಂದು ತೋರಿಸಿದರು. ಅಂದರೆ, ನಮ್ಮಲ್ಲಿ ರಾಷ್ಟ್ರೀಯ ವರಮಾನದ ಲೆಕ್ಕ ಹುಟ್ಟಿದ್ದೇ 'ಇದರಿಂದ ಒಬ್ಬನ ಹೊಟ್ಟೆ ತುಂಬುತ್ತದೆಯೆ?' ಎಂಬ ಪ್ರಶ್ನೆಯ ಜೊತೆಯಲ್ಲಿ. ಆಮೇಲೆ ಅಂಕಿ ಉಳಿಯಿತು, ಪ್ರಶ್ನೆ ಹಿಂದಕ್ಕೆ ಸರಿಯಿತು.

ಇನ್ನೊಂದು ಇಸವಿಯನ್ನು ನೆನಪಿಡಿರಿ: 1934. ಆ ವರ್ಷ ನಮ್ಮ ಸರ್ ಎಂ. ವಿಶ್ವೇಶ್ವರಯ್ಯನವರು ಭಾರತಕ್ಕೊಂದು ಯೋಜಿತ ಅರ್ಥವ್ಯವಸ್ಥೆ ಬೇಕೆಂದು ಪುಸ್ತಕ ಬರೆದು, ಹತ್ತು ವರ್ಷಗಳಲ್ಲಿ ದೇಶದ ವರಮಾನವನ್ನು ಇಮ್ಮಡಿ ಮಾಡಬೇಕೆಂದರು. ಬಡತನದಲ್ಲಿ ಮುಳುಗಿದ್ದ ದೇಶಕ್ಕೆ ಅದು ಸರಿಯಾದ ಮಾತೇ ಆಗಿತ್ತು. ಅದೇ 1934ರಲ್ಲಿ ಅಮೆರಿಕದಲ್ಲಿ ಸೈಮನ್ ಕುಜ್ನೆಟ್ಸ್ ಎಂಬ ಪಂಡಿತರು ತಮ್ಮ ದೇಶದ ವರಮಾನದ ಲೆಕ್ಕವನ್ನು ಅಲ್ಲಿಯ ಶಾಸನಸಭೆಗೆ ಒಪ್ಪಿಸಿದರು. ಒಪ್ಪಿಸುವಾಗಲೇ, ಈ ಅಂಕಿಯಿಂದ ಜನರ ಕ್ಷೇಮವನ್ನು ಊಹಿಸಹೊರಡಬೇಡಿರೆಂದು ಎಚ್ಚರಿಸಿದರು. ತಕ್ಕಡಿ ಮಾಡಿದವನೇ ಅದರ ಮಿತಿಯನ್ನು ಹೇಳಿದ್ದನು. ಕೊಂಡವರು ಕೇಳಿಸಿಕೊಳ್ಳಲಿಲ್ಲ.

ಸ್ವಾತಂತ್ರ್ಯ ಬಂದಮೇಲೆ, 1949ರಲ್ಲಿ, ನಮ್ಮ ಸರಕಾರ ರಾಷ್ಟ್ರೀಯ ವರಮಾನ ಸಮಿತಿಯನ್ನು ನೇಮಿಸಿತು. ಮಹಲನೋಬಿಸ್ ಅಧ್ಯಕ್ಷರು, ಗಾಡಗೀಳ ಮತ್ತು ವಿ.ಕೆ.ಆರ್.ವಿ. ರಾವ್ ಸದಸ್ಯರು. ಈ ರಾಯರೇ ಮುಂದೆ ಬಳ್ಳಾರಿಯಿಂದ ಲೋಕಸಭೆಗೆ ಆರಿಸಿ ಬಂದವರು, 1972ರಲ್ಲಿ ಬೆಂಗಳೂರಿನ ಸಾಮಾಜಿಕ ಮತ್ತು ಆರ್ಥಿಕ ಬದಲಾವಣೆಯ ಅಧ್ಯಯನ ಸಂಸ್ಥೆಯನ್ನು ಕಟ್ಟಿದವರು.

ಇನ್ನು ಈ ಲೆಕ್ಕದಿಂದ ಹೊರಗುಳಿದದ್ದೇನು ಎಂಬುದನ್ನು ನೋಡೋಣ.

ಮೊದಲನೆಯದು, ಮನೆಯ ದುಡಿಮೆ. ನಾವು ಖಾನಾವಳಿಯಲ್ಲಿ ಉಂಡರೆ ಆ ರೊಟ್ಟಿ ತಟ್ಟಿದ ಕೆಲಸ ದೇಶದ ವರಮಾನಕ್ಕೆ ಸೇರುತ್ತದೆ. ಊರಲ್ಲಿ ತಾಯಿ ತಟ್ಟಿದ ರೊಟ್ಟಿಯಲ್ಲಿ ಹಿಟ್ಟಿನ ಬೆಲೆ ಸೇರುತ್ತದೆ, ತಟ್ಟಿದ ಕೈಯ ಕೆಲಸ ಸೇರುವುದಿಲ್ಲ. ಆಟಕ್ಕುಂಟು, ಲೆಕ್ಕಕ್ಕಿಲ್ಲ. ಕೇಂದ್ರ ಸರಕಾರವೇ 2024ರಲ್ಲಿ ನಡೆಸಿದ ಸಮಯ ಬಳಕೆಯ ಸಮೀಕ್ಷೆಯನ್ನು ನೋಡಿರಿ. ಕೂಲಿಯಿಲ್ಲದ ಮನೆಗೆಲಸದಲ್ಲಿ ತೊಡಗಿದ ಹೆಂಗಸರು ದಿನಕ್ಕೆ ಸರಾಸರಿ 289 ನಿಮಿಷ ದುಡಿಯುತ್ತಾರೆ, ಗಂಡಸರು 88 ನಿಮಿಷ. 289 ನಿಮಿಷವೆಂದರೆ ನಮ್ಮ ಪಾಳಿಯ ಅರ್ಧಕ್ಕಿಂತ ಹೆಚ್ಚು. ಅದಕ್ಕೆ ವಾರದ ರಜೆಯೂ ಇಲ್ಲ.

ಎರಡನೆಯದು, ಮೂಲಧನದ ಸವೆತ. ಯಂತ್ರ ಸವೆದರೆ ಗಿರಣಿಯ ಲೆಕ್ಕದಲ್ಲಿ ಸವಕಳಿ ಎಂದು ಕಳೆಯುತ್ತೇವೆ. ಭೂಮಿ ಸವೆದರೆ? ಬಳ್ಳಾರಿಯ ಅದಿರನ್ನು ನೋಡಿರಿ. ಅಗೆದು ಮಾರಿದ ಪ್ರತಿಯೊಂದು ಟನ್ನೂ ವರಮಾನವೆಂದು ಬರೆಯಲ್ಪಟ್ಟಿತು. ಗುಡ್ಡ ಕರಗಿದ್ದನ್ನು, ಹೊಲಗಳ ಮೇಲೆ ಕೆಂಧೂಳು ಕೂತದ್ದನ್ನು ಯಾರೂ ಕಳೆಯಲಿಲ್ಲ. 2011ರಲ್ಲಿ ಲೋಕಾಯುಕ್ತರ ವರದಿ ಬಂದು, ಸುಪ್ರೀಂ ಕೋರ್ಟು ಗಣಿಗಾರಿಕೆಯನ್ನು ತಡೆದಾಗ, ನಷ್ಟದ ಮಾತು ಎಲ್ಲರ ಬಾಯಿಗೂ ಬಂದಿತು. ಈಗ ಈ ಅಂಕಣ ಬರುತ್ತಿದೆ. 2025ರ ಮಾರ್ಚ್ ತಿಂಗಳಲ್ಲಿ ವಿಶ್ವಸಂಸ್ಥೆಯ ಅಂಕಿಅಂಶ ಆಯೋಗ ಒಪ್ಪಿದ ಹೊಸ ಲೆಕ್ಕಪದ್ಧತಿಯಲ್ಲಿ, ನಿಸರ್ಗದ ಸಂಪತ್ತು ಬರಿದಾಗುವುದನ್ನು ಉತ್ಪಾದನೆಯ ಖರ್ಚೆಂದು ನಿವ್ವಳ ಉತ್ಪನ್ನದಿಂದ ಕಳೆಯಬೇಕೆಂದಿದೆ. ಲೆಕ್ಕದ ಪುಸ್ತಕ ಬ್ರಹ್ಮಲಿಖಿತವಲ್ಲ, ಕೇಳುವವರಿದ್ದರೆ ಅಂಕಣಗಳು ಬದಲಾಗುತ್ತವೆ ಎಂಬುದಕ್ಕೆ ಇದು ಸಾಕ್ಷಿ.

ಮೂರನೆಯದು, ಹಂಚಿಕೆ. ಒಂದು ಕೋಣೆಯಲ್ಲಿ ಹತ್ತು ಜನ ಕುಳಿತಿದ್ದಾರೆನ್ನೋಣ. ಒಂಬತ್ತು ಜನರ ಪಗಾರ ತಿಂಗಳಿಗೆ 15,000. ಹತ್ತನೆಯವರ ವರಮಾನ 8,65,000. ಸರಾಸರಿ ತೆಗೆದರೆ ತಲೆಗೆ ಒಂದು ಲಕ್ಷ! ಲೆಕ್ಕದಲ್ಲಿ ತಪ್ಪಿಲ್ಲ, ಆದರೆ ಒಂಬತ್ತು ಜನ ಆ ಲಕ್ಷವನ್ನು ಕಂಡೇ ಇಲ್ಲ.

ಮುಂಬಯಿಯ ಗಿರಣಗಾಂವಿನ ಕಥೆ ಇಲ್ಲಿ ಹಿರಿಯರಿಗೆ ಗೊತ್ತು. ನಮ್ಮವರೂ ಅನೇಕರು ಅಲ್ಲಿ ದುಡಿದಿದ್ದರು. 1982ರ ಜನವರಿ 18ರಂದು ಸುಮಾರು ಎರಡೂವರೆ ಲಕ್ಷ ಕಾರ್ಮಿಕರ ಮುಷ್ಕರ ಶುರುವಾಯಿತು. ಆಮೇಲಿನ ವರ್ಷಗಳಲ್ಲಿ ಗಿರಣಿಗಳು ಒಂದೊಂದಾಗಿ ಮುಚ್ಚಿದವು, ಅವುಗಳ ನೆಲದ ಮೇಲೆ ಮಾಲುಗಳೂ ಗೋಪುರಗಳೂ ಎದ್ದವು. ಅದೇ ಎಕರೆ ನೆಲ ಈಗ ಹಿಂದಿಗಿಂತ ಎಷ್ಟೋ ಪಟ್ಟು ವರಮಾನ ತೋರಿಸುತ್ತದೆ. ಆ ಗಿರಣಿಯ ಮಗ್ಗದ ಮುಂದೆ ನಿಂತಿದ್ದವನು ಎಲ್ಲಿಗೆ ಹೋದನು, ಏನು ಮಾಡಿದನು, ಮಕ್ಕಳನ್ನು ಹೇಗೆ ಓದಿಸಿದನು ಎಂಬುದಕ್ಕೆ ಅದರಲ್ಲಿ ಸ್ಥಳವಿಲ್ಲ.

ನಮ್ಮ ವಿಷಯವೂ ಅಷ್ಟೇ. ನಾವು ಊರು ಬಿಟ್ಟು ಬಂದಾಗ ದೇಶದ ವರಮಾನ ಹೆಚ್ಚಿತು. ಹೊಲದಲ್ಲಿ ಬೆಳೆದು ಉಣ್ಣುತ್ತಿದ್ದುದಕ್ಕಿಂತ ಇಲ್ಲಿಯ ಪಗಾರ ದೊಡ್ಡದು. ಬಾಡಿಗೆ, ಬಸ್ಸಿನ ಪಾಸು, ಖಾನಾವಳಿ ಎಲ್ಲವೂ ವರಮಾನವೇ. ಅಪ್ಪನ ಕಾಯಿಲೆಗೆ ಮೂರು ದಿನ ತಡವಾಗಿ ಊರು ಮುಟ್ಟುವುದಕ್ಕೆ ಯಾವ ಪುಸ್ತಕದಲ್ಲಿಯೂ ಅಂಕಣವಿಲ್ಲ.

ಹಾಗಾದರೆ ಬೆಳವಣಿಗೆಯೇ ಬೇಡವೆ? ಹಾಗೆಂದು ನಾವು ಹೇಳುವುದಿಲ್ಲ. ಹೊಟ್ಟೆ ತುಂಬಿದವನು ಹಸಿದವನಿಗೆ ಉಪವಾಸದ ಮಹಿಮೆ ಹೇಳಬಾರದು. 1951ರ ಜನಗಣತಿಯಲ್ಲಿ ಓದುಬರಹ ಬಲ್ಲವರು ನೂರಕ್ಕೆ 18 ಜನ. 2011ರಲ್ಲಿ 74 ಜನ. ಶಾಲೆ ಕಟ್ಟಲು, ಮಾಸ್ತರರಿಗೆ ಪಗಾರ ಕೊಡಲು ಹಣ ಬೇಕು. ಹಣ ಬೇಕಾದರೆ ಹುಟ್ಟುವಳಿ ಬೆಳೆಯಬೇಕು. ಆದರೆ ಹಣ ಬಂದ ಮಾತ್ರಕ್ಕೆ ಶಾಲೆ ತಾನಾಗಿ ಏಳುವುದಿಲ್ಲ. ಆದುದರಿಂದ ಶಾಲೆ ಎದ್ದಿತೇ ಎಂಬುದನ್ನು ಬೇರೆಯಾಗಿ ಎಣಿಸಬೇಕು.

ಹೀಗೆ ಎಣಿಸುವ ಕೆಲಸವನ್ನು 1990ರಲ್ಲಿ ಪಾಕಿಸ್ತಾನದ ಮಹಬೂಬ್ ಉಲ್ ಹಕ್ ಅವರು ನಮ್ಮ ಅಮರ್ತ್ಯ ಸೇನರ ನೆರವಿನಿಂದ ಆರಂಭಿಸಿದರು. ಮನುಷ್ಯ ಎಷ್ಟು ವರ್ಷ ಬದುಕುತ್ತಾನೆ, ಎಷ್ಟು ಓದುತ್ತಾನೆ, ಎಷ್ಟು ಗಳಿಸುತ್ತಾನೆ, ಈ ಮೂರನ್ನೂ ಕೂಡಿಸಿದ ಅಳತೆಗೆ ಮಾನವ ಅಭಿವೃದ್ಧಿ ಸೂಚ್ಯಂಕವೆಂದು ಹೆಸರು. 2023ರ ಸಾಲಿನಲ್ಲಿ ಒಟ್ಟು ಉತ್ಪನ್ನದ ಗಾತ್ರದಲ್ಲಿ ಭಾರತ ಜಗತ್ತಿಗೆ ಐದನೆಯದು. ಅದೇ ಸಾಲಿನ ಮಾನವ ಅಭಿವೃದ್ಧಿಯಲ್ಲಿ 193 ದೇಶಗಳ ಪೈಕಿ 130ನೆಯದು. ಎರಡೂ ನಿಜ. ಒಂದನ್ನೇ ಹೇಳುವವನು ಅರ್ಧ ಹೇಳಿದಂತೆ.

ನಮ್ಮ ನಾಡಿನಲ್ಲಿ ಡಾ. ಡಿ. ಎಂ. ನಂಜುಂಡಪ್ಪನವರ ಸಮಿತಿ ಇಂಥದೇ ಕೆಲಸ ಮಾಡಿ 2002ರಲ್ಲಿ ವರದಿ ಕೊಟ್ಟಿತು. ಅದು ರಾಜ್ಯದ ಸರಾಸರಿಗೆ ತೃಪ್ತಿಪಡಲಿಲ್ಲ. ಬೇಸಾಯ, ಕೈಗಾರಿಕೆ, ಸೌಕರ್ಯ, ಬ್ಯಾಂಕು, ಶಿಕ್ಷಣ, ಆರೋಗ್ಯ ಮುಂತಾದವುಗಳ 35 ಸೂಚಕಗಳನ್ನು ಹಿಡಿದು ಆಗಿನ 175 ತಾಲ್ಲೂಕುಗಳನ್ನೂ ಒಂದೊಂದಾಗಿ ಅಳೆಯಿತು. 114 ತಾಲ್ಲೂಕುಗಳು ಹಿಂದುಳಿದವೆಂದು ತೋರಿತು. ಅವುಗಳಲ್ಲಿ 39 ಅತ್ಯಂತ ಹಿಂದುಳಿದವು. ಆ 39ರಲ್ಲಿ 21 ಗುಲ್ಬರ್ಗಾ ವಿಭಾಗದವು, 11 ಬೆಂಗಳೂರು ವಿಭಾಗದವು. ಬೆಂಗಳೂರಿನ ಹೊಳಪಿನಲ್ಲಿ ಕಾಣದಿದ್ದ ಊರುಗಳು ಹೆಸರು ಹಿಡಿದು ಕಾಣಿಸಿಕೊಂಡವು. ಮುಂದೆ ಸಂವಿಧಾನದ 371-ಜೆ ವಿಧಿಯಿಂದ ಆ ಭಾಗದ ಜಿಲ್ಲೆಗಳಿಗೆ ಓದು ಉದ್ಯೋಗಗಳಲ್ಲಿ ಮೀಸಲು ಬಂದಿತು. ಅದಕ್ಕಾಗಿ ವಾದಿಸಿದವರ ಕೈಯಲ್ಲಿ ಈ ಪಟ್ಟಿ ಇತ್ತು. ಎಣಿಸಿದ್ದಕ್ಕೆ ಬಾಯಿ ಬರುತ್ತದೆ.

ಭೂತಾನದವರು ಇನ್ನೂ ಮುಂದಕ್ಕೆ ಹೋಗಿ, 2008ರ ತಮ್ಮ ಸಂವಿಧಾನದಲ್ಲಿ ಒಟ್ಟು ರಾಷ್ಟ್ರೀಯ ಸಂತೋಷದ ಮಾತನ್ನು ಬರೆದಿದ್ದಾರೆ. ಅವರ ಸಮೀಕ್ಷೆಯಲ್ಲಿ 33 ಸೂಚಕಗಳು. ಎಷ್ಟು ಹೊತ್ತು ನಿದ್ರೆ ಮಾಡುತ್ತೀರಿ ಎಂದು ಕೇಳುತ್ತಾರೆ. ತಾಯ್ನುಡಿಯನ್ನು ಎಷ್ಟು ಚೆನ್ನಾಗಿ ಆಡುತ್ತೀರಿ ಎಂದೂ ಕೇಳುತ್ತಾರೆ! ಇದರಿಂದ ಭೂತಾನ ಸ್ವರ್ಗವಾಯಿತೆಂದಲ್ಲ. ಅಲ್ಲಿಯ ತರುಣರೂ ಇತ್ತೀಚಿನ ವರ್ಷಗಳಲ್ಲಿ ಸಾವಿರಗಟ್ಟಲೆಯಾಗಿ ಕೆಲಸ ಹುಡುಕಿಕೊಂಡು ಆಸ್ಟ್ರೇಲಿಯಕ್ಕೆ ಹೋಗಿದ್ದಾರೆ. ಒಳ್ಳೆಯ ಅಳತೆಯೊಂದೇ ಅನ್ನ ಹಾಕುವುದಿಲ್ಲ. ಆದರೂ ತಾಯ್ನುಡಿಯನ್ನು ದೇಶದ ಆಸ್ತಿಯ ಪಟ್ಟಿಯಲ್ಲಿ ಬರೆದ ಅವರ ಧೈರ್ಯವನ್ನು ನಾವು ಮೆಚ್ಚಬೇಕು.

ಕೊನೆಯದಾಗಿ ನಮ್ಮ ಮನೆಯ ಮಾತು. ಮುಂದಿನ ಸಾಮಾನ್ಯ ಸಭೆಯಲ್ಲಿ ಒಂದು ಗೊತ್ತುವಳಿ ಬರಲಿದೆಯೆಂದು ನಿಮಗೆಲ್ಲ ತಿಳಿದಿದೆ. ಶನಿವಾರ, ಭಾನುವಾರಗಳ ಸಂಜೆ ವಾಚನಾಲಯವನ್ನು ಮುಚ್ಚಿ, ಈ ಕೋಣೆಯನ್ನು ಸಮಾರಂಭಗಳಿಗೆ ಬಾಡಿಗೆಗೆ ಕೊಡಬೇಕೆಂಬುದು ಅದರ ಸಾರ. ಅದನ್ನು ತಂದವರು ಸಂಘದ ಹಿತೈಷಿಗಳೇ. ಪತ್ರಿಕೆಗಳ ಬೆಲೆ ಏರಿದೆ, ವಿದ್ಯುತ್ತಿನ ಬಿಲ್ಲು ಏರಿದೆ, ಹಣ ಬೇಕೇ ಬೇಕು. ಗೊತ್ತುವಳಿ ಪಾಸಾದರೆ ಬರುವ ವರ್ಷದ ವರದಿಯಲ್ಲಿ ಸಂಘದ ವರಮಾನ ಖಂಡಿತ ಹೆಚ್ಚಿರುತ್ತದೆ, ಸಂಘ ಪ್ರಗತಿ ಹೊಂದಿದೆಯೆಂದು ನಾವೆಲ್ಲರೂ ಚಪ್ಪಾಳೆ ತಟ್ಟುತ್ತೇವೆ.

ಆದರೆ ವಾರದಲ್ಲಿ ಆ ಎರಡು ಸಂಜೆಯಲ್ಲದೆ ಬಿಡುವಿಲ್ಲದ ಪಾಳಿಯವರು ಎಲ್ಲಿ ಕೂತು ಪತ್ರಿಕೆ ಓದಬೇಕು? ಪ್ರಾವಿಡೆಂಟ್ ಫಂಡಿನ ಅರ್ಜಿ ಬರೆಸಿಕೊಳ್ಳಲು ಬರುವವರು ಯಾವಾಗ ಬರಬೇಕು? ಶನಿವಾರ ಇಲ್ಲಿ ಕನ್ನಡ ಅಕ್ಷರ ತಿದ್ದುವ ಮಕ್ಕಳು ಎಲ್ಲಿ ತಿದ್ದಬೇಕು? ನಮ್ಮ ಜಮಾಖರ್ಚಿನಲ್ಲಿ ಇವರಾರಿಗೂ ಅಂಕಣವಿಲ್ಲ. ಆದುದರಿಂದಲೇ ಬಾಡಿಗೆಯ ಎದುರಿಗೆ ಇವರು ಸೊನ್ನೆಯಾಗಿ ಕಾಣುತ್ತಾರೆ.

ನಮ್ಮ ಸೂಚನೆ ಚಿಕ್ಕದು. ಸಭೆಗೆ ಮುಂಚೆ ಎರಡು ತಿಂಗಳು ಒಂದು ಪುಸ್ತಕ ಇಡೋಣ. ಅದರಲ್ಲಿ ಮೂರು ಅಂಕಣ: ಸಂಜೆ ಓದಲು ಬಂದವರೆಷ್ಟು, ಅರ್ಜಿ ಬರೆಸಿಕೊಂಡವರೆಷ್ಟು, ಅಕ್ಷರ ಕಲಿತ ಮಕ್ಕಳೆಷ್ಟು. ಬರೆಯುವ ಕೆಲಸವನ್ನು ನಾವೇ ವಹಿಸಿಕೊಳ್ಳುತ್ತೇವೆ. ಸಭೆಯ ದಿನ ಬಾಡಿಗೆಯ ಅಂದಾಜನ್ನೂ ಈ ಪುಸ್ತಕವನ್ನೂ ಒಂದೇ ಮೇಜಿನ ಮೇಲೆ ಇಟ್ಟು ನೋಡೋಣ. ಆಮೇಲೆ ಬಹುಮತ ಯಾವ ಕಡೆಗಿದ್ದರೂ ನಾವು ಒಪ್ಪುತ್ತೇವೆ. ನೋಡದೆ ಮಾತ್ರ ಮುಚ್ಚುವುದು ಬೇಡ.

ಪುಸ್ತಕವನ್ನು ಬರುವ ಶನಿವಾರದಿಂದ ಬಾಗಿಲ ಪಕ್ಕದ ಮೇಜಿನ ಮೇಲೆ ಇಡುತ್ತೇವೆ. ಬಂದವರು ದಯವಿಟ್ಟು ಹೆಸರು ಬರೆಯಿರಿ.