ಪಾರ್ಕಿಂಗ್ ಜಾಗ ಊರಿನ ಪಡಸಾಲೆ ಆದ ಕಥೆ



ಮೊದಲಿಗೆ ಒಂದು ಪ್ರಶ್ನೆ. ನಿಮ್ಮೂರಿನ ನಟ್ಟನಡುವೆ, ಅಂಗಡಿ, ಆಫೀಸುಗಳ ಮಧ್ಯೆ, ಒಂದು ರೂಪಾಯಿನೂ ಖರ್ಚು ಮಾಡದೆ ಒಂದು ಗಂಟೆ ಸುಮ್ಮನೆ ಕೂರೋಕೆ ಜಾಗ ಇದೆಯಾ? ಕಾಫಿ ತಗೋಬೇಕಿಲ್ಲ, ಟಿಕೆಟ್ ಬೇಡ, ಎದ್ದು ಹೋಗಿ ಅಂತ ಯಾರೂ ಹೇಳಲ್ಲ. ಯೋಚನೆ ಮಾಡ್ತಾ ಇರಿ. ಅಷ್ಟರಲ್ಲಿ ಅಂಥದ್ದೊಂದು ಜಾಗವನ್ನ ಜನ ಹೇಗೆ ಪಡ್ಕೊಂಡ್ರು ಅಂತ ಹೇಳ್ತೀನಿ.

ಅಮೆರಿಕದ ಒರೆಗಾನ್ ರಾಜ್ಯದಲ್ಲಿ ಪೋರ್ಟ್‌ಲ್ಯಾಂಡ್ ಅನ್ನೋ ನಗರ ಇದೆ. ಅದರ ಮಧ್ಯದಲ್ಲಿರೋದು ಪಯೊನೀರ್ ಕೋರ್ಟ್‌ಹೌಸ್ ಸ್ಕ್ವೇರ್. ಎದುರಿಗಿರೋ ಹಳೇ ಕೋರ್ಟ್ ಕಟ್ಟಡದಿಂದ ಬಂದ ಹೆಸರು ಇದು. ಉದ್ದ 200 ಅಡಿ, ಅಗಲ 200 ಅಡಿ, ಅಂದ್ರೆ ಒಂದು ಎಕರೆಗಿಂತ ಸ್ವಲ್ಪ ಕಮ್ಮಿ.

1858ರಲ್ಲಿ ಇಲ್ಲಿ ಒಂದು ಸರ್ಕಾರಿ ಶಾಲೆ ಇತ್ತು. ಆಮೇಲೆ ಶಾಲೆ ಹೋಗಿ, 1890ರಲ್ಲಿ ಪೋರ್ಟ್‌ಲ್ಯಾಂಡ್ ಹೋಟೆಲ್ ಅನ್ನೋ ಭರ್ಜರಿ ಹೋಟೆಲ್ ಬಂತು. 1951ರಲ್ಲಿ ಅದನ್ನೂ ಕೆಡವಿದ್ರು. ಯಾಕೆ ಗೊತ್ತಾ? ಪಕ್ಕದ ದೊಡ್ಡ ಅಂಗಡಿಗೆ ಬರೋರ ಕಾರು ನಿಲ್ಲಿಸೋಕೆ! ಮುಂದೆ ಅದೇ ಜಾಗದಲ್ಲಿ ಬಹುಮಹಡಿ ಪಾರ್ಕಿಂಗ್ ಕಟ್ಟೋ ಪ್ರಸ್ತಾಪ ಬಂದಾಗ ಊರು ಎಚ್ಚೆತ್ತುಕೊಳ್ತು. ಯೋಜನಾ ಆಯೋಗ ಒಪ್ಪಲಿಲ್ಲ. 1972ರ ನಗರ ಯೋಜನೆಯಲ್ಲಿ, ಇಲ್ಲಿ ಸಾರ್ವಜನಿಕ ಚೌಕ ಆಗ್ಬೇಕು ಅಂತಲೇ ಬರೆದ್ರು.

ಕಾಗದದ ಮೇಲೆ ಬರೆದ್ರೆ ಕೆಲಸ ಮುಗೀತಾ? ಇಲ್ಲ. 1980ರಲ್ಲಿ ವಿನ್ಯಾಸಕ್ಕೆ ಸ್ಪರ್ಧೆ ಇಟ್ರು, ವಾಸ್ತುಶಿಲ್ಪಿ ವಿಲ್ ಮಾರ್ಟಿನ್ ಅವರ ತಂಡ ಗೆದ್ದಿತು. ಆದ್ರೆ ಆಗಿನ ಮೇಯರ್ ಫ್ರಾಂಕ್ ಐವಾನ್ಸಿ ಮತ್ತು ಕೆಲವು ವ್ಯಾಪಾರಸ್ಥರಿಗೆ ಇದು ಇಷ್ಟ ಆಗಲಿಲ್ಲ. ಹೀಗೆ ಬಯಲು ಬಿಟ್ರೆ ಮನೆಮಠ ಇಲ್ಲದವರು ಬಂದು ಕೂರ್ತಾರೆ ಅನ್ನೋದು ಅವರ ಆತಂಕ. ಜಗಳದ ಅಸಲಿ ವಿಷಯ ಇದೇ ನೋಡಿ: ಎಲ್ಲರ ಜಾಗ ಅಂದಾಗ, ಆ 'ಎಲ್ಲರೂ' ಅಂದ್ರೆ ಯಾರು?

ಆಗ ಜನರೇ ಮುಂದೆ ಬಂದ್ರು. ದುಡ್ಡು ಕೊಟ್ರೆ ನಿಮ್ಮ ಹೆಸರು ಕೆತ್ತಿದ ಇಟ್ಟಿಗೆಯನ್ನ ಚೌಕದ ನೆಲಕ್ಕೆ ಹಾಕ್ತೀವಿ ಅಂತ ಇಟ್ಟಿಗೆ ಮಾರಿದ್ರು. ಸಾವಿರಾರು ಜನ ಕೊಂಡ್ರು. 1984ರ ಏಪ್ರಿಲ್ 6ರಂದು ಚೌಕ ತೆರೆಯಿತು. ಇವತ್ತು ಅಲ್ಲಿ 70 ಸಾವಿರಕ್ಕೂ ಹೆಚ್ಚು ಹೆಸರಿನ ಇಟ್ಟಿಗೆಗಳಿವೆ. ನೀವು ನಡೆಯೋದೇ ಊರಿನವರ ಹೆಸರುಗಳ ಮೇಲೆ.

ಒಳಗೆ ಏನಿದೆ? ಇಳಿಜಾರು ನೆಲವನ್ನೇ ಬಳಸಿ ಬಯಲು ರಂಗಮಂದಿರದ ಥರ ಅರ್ಧಚಂದ್ರಾಕಾರದ ಮೆಟ್ಟಿಲು ಮಾಡಿದ್ದಾರೆ. ಬೇರೆ ಬೆಂಚೇ ಬೇಕಿಲ್ಲ. ಕೆಡವಿದ ಹೋಟೆಲಿನ ಕಬ್ಬಿಣದ ಗೇಟನ್ನ ನೆನಪಿಗೆ ಉಳಿಸಿಕೊಂಡಿದ್ದಾರೆ. ಮಳೆ ಜಾಸ್ತಿ ಇರೋ ಊರಲ್ವಾ, ಅದಕ್ಕೆ ಛತ್ರಿ ಹಿಡಿದು ನಿಂತಿರೋ ಮನುಷ್ಯನ ಕಂಚಿನ ಪ್ರತಿಮೆಯೂ ಇದೆ. 1988ರಲ್ಲಿ ಬಂದ ಹವಾಮಾನ ಯಂತ್ರ ಇನ್ನೂ ಮಜಾ. ದಿನಾ ಮಧ್ಯಾಹ್ನ 12ಕ್ಕೆ ಕಹಳೆ ಊದಿ, ಮಂಜಿನಂತೆ ನೀರು ಚಿಮುಕಿಸಿ ಹವಾಮಾನ ಹೇಳುತ್ತೆ. ಬಿಸಿಲಾದ್ರೆ ಸೂರ್ಯ, ತುಂತುರು ಮಳೆಯಾದ್ರೆ ನೀಲಿ ಬಕಪಕ್ಷಿ, ಬಿರುಗಾಳಿ ಮಳೆಯಾದ್ರೆ ಡ್ರ್ಯಾಗನ್ ಮೇಲೆ ಬರುತ್ತೆ! ಎರಡೂ ಪಕ್ಕದ ರಸ್ತೆಗಳಲ್ಲಿ ಲಘು ರೈಲು ಓಡುತ್ತೆ. ಕಾರಿಗಾಗಿ ಕಳ್ಕೊಂಡಿದ್ದ ಜಾಗಕ್ಕೆ ಈಗ ಕಾರಿಲ್ಲದೇ ಬರಬಹುದು.

ಊರಿನವರು ಇದನ್ನ ಪ್ರೀತಿಯಿಂದ 'ನಮ್ಮೂರಿನ ಲಿವಿಂಗ್ ರೂಮ್' ಅಂತಾರೆ. ನಮ್ಮ ಮಾತಲ್ಲಿ ಹೇಳೋದಾದ್ರೆ, ಊರಿನ ಪಡಸಾಲೆ. ಅದು ತಾನಾಗಿ ಹುಟ್ಟಲಿಲ್ಲ. ಬೇಡ ಅನ್ನೋರ ಎದುರು ಬೇಕು ಅನ್ನೋರು ಹಟ ಹಿಡಿದಿದ್ದಕ್ಕೆ ಉಳೀತು.

ಸರಿ, ಈಗ ಮೊದಲ ಪ್ರಶ್ನೆಗೆ ಉತ್ತರ ಸಿಕ್ತಾ? ನೀವು ದುಡ್ಡಿಲ್ಲದೇ ಕೂರೋ ಜಾಗ ಯಾವುದು, ನಮಗೆ ಬರೆದು ಕಳಿಸಿ. ಮುಂದಿನ ಸಂಚಿಕೆಯಲ್ಲಿ ಸಿಗೋಣ.